'ಆಂಡೋರ್' ತೆರೆಯ ಹಿಂದೆ: ಕೊನೆ ಗೊತ್ತಿದ್ದ ಕಥೆಗೆ ಇಷ್ಟೊಂದು ಗೋಡೆ ಕಟ್ಟಿದ್ದು ಯಾಕೆ?

ಶನಿವಾರಸಂತೆ

ಮೊದಲೇ ಹೇಳಿಬಿಡುತ್ತೇನೆ, ಇಲ್ಲಿ ಎರಡೂ ಸೀಸನ್ನಿನ ಕಥೆ ಬಯಲಾಗುತ್ತದೆ. ನೋಡಿಲ್ಲದವರು ನೋಡಿಕೊಂಡು ಬನ್ನಿ.

ಸ್ಟಾರ್ ವಾರ್ಸ್ ಜಗತ್ತಿನ ಸೀರೀಸ್ 'ಆಂಡೋರ್' ಮತ್ತೊಮ್ಮೆ ನೋಡಿ ಮುಗಿಸಿದೆ. ಈ ಸಲ ಕಥೆಗಿಂತ ಜಾಸ್ತಿ ಗೋಡೆ, ಬಾಗಿಲು, ಮೆಟ್ಟಿಲುಗಳನ್ನೇ ನೋಡುತ್ತಾ ಕೂತಿದ್ದೆ. ಫೆರಿಕ್ಸ್ ಎಂಬ ಆ ಇಟ್ಟಿಗೆ ಊರು ಇದೆಯಲ್ಲ, ಅದರ ಬೀದಿಗಳನ್ನು ಇಂಗ್ಲೆಂಡಿನ ಬಕಿಂಗ್‌ಹ್ಯಾಮ್‌ಶೈರ್‌ನ ಲಿಟಲ್ ಮಾರ್ಲೋ ಎಂಬಲ್ಲಿ ಬಯಲಲ್ಲೇ ಕಟ್ಟಿದ್ದರು. ನಟರು ಒಂದು ಬಾಗಿಲಿಂದ ಹೊರಟು, ಬೀದಿ ತಿರುಗಿ, ಇನ್ನೊಂದು ಅಂಗಡಿ ಹೊಕ್ಕಬಹುದಿತ್ತು. ಅದೇ ಹೊತ್ತಿಗೆ ಸ್ಟಾರ್ ವಾರ್ಸ್‌ನ ಬೇರೆ ಸೀರೀಸ್‌ಗಳು ಸ್ಟೇಜ್‌ಕ್ರಾಫ್ಟ್ ಎಂಬ ದೊಡ್ಡ ಎಲ್‌ಇಡಿ ಗೋಡೆಯ ಮುಂದೆ ಶೂಟ್ ಆಗುತ್ತಿದ್ದವು. ಇವರು ಮೊದಲ ಸೀಸನ್‌ನಲ್ಲಿ ಅದರ ತಂಟೆಗೇ ಹೋಗಲಿಲ್ಲ.

ಹಿನ್ನೆಲೆ ಚುಟುಕಾಗಿ: 2016ರಲ್ಲಿ 'ರೋಗ್ ಒನ್' ಸಿನಿಮಾ ಬಂತು. ಅದರ ಕೊನೆಗೆ ಈ ಸೀರೀಸಿನ ನಾಯಕ ಕ್ಯಾಸಿಯನ್ ಆಂಡೋರ್ ಸಾಯುತ್ತಾನೆ. ಆ ಸಿನಿಮಾದ ರೀಶೂಟ್ ಹೊತ್ತಿನಲ್ಲಿ ಕಥೆಯನ್ನು ರಿಪೇರಿ ಮಾಡಲು ಬಂದವರು ಟೋನಿ ಗಿಲ್ರಾಯ್. ಕ್ಯಾಸಿಯನ್‌ನ ಹಿಂದಿನ ಕಥೆಯನ್ನು ಸೀರೀಸ್ ಮಾಡುತ್ತೇವೆ ಅಂತ 2018ರಲ್ಲಿ ಘೋಷಣೆ ಆಯಿತು. ಆಗ ಶೋರನ್ನರ್ (ಸೀರೀಸಿನ ಪೂರ್ತಿ ಉಸ್ತುವಾರಿ ಹೊತ್ತವರು) ಆಗಿದ್ದವರು ಸ್ಟೀಫನ್ ಶಿಫ್. 2020ರ ಏಪ್ರಿಲ್‌ನಲ್ಲಿ ಗಿಲ್ರಾಯ್ ಕೈಗೆ ಬಂತು. ಅವರೇ ನಿರ್ದೇಶನವನ್ನೂ ಮಾಡಬೇಕಿತ್ತು, ಆದರೆ ಕೋವಿಡ್ ಬಂದು ನ್ಯೂಯಾರ್ಕ್‌ನಲ್ಲೇ ಉಳಿದರು. ಆ ಜಾಗಕ್ಕೆ ಬಂದವರು ಟೋಬಿ ಹೇನ್ಸ್. ನ್ಯೂಯಾರ್ಕ್‌ನಲ್ಲಿ ಬರವಣಿಗೆ, ಲಂಡನ್ ಹತ್ತಿರದ ಪೈನ್‌ವುಡ್ ಸ್ಟುಡಿಯೊದಲ್ಲಿ ಶೂಟಿಂಗ್. 2020ರ ನವೆಂಬರ್‌ನಲ್ಲಿ ಶುರು ಮಾಡಿ 2021ರ ಸೆಪ್ಟೆಂಬರ್ ಹೊತ್ತಿಗೆ ಮೊದಲ ಸೀಸನ್ ಮುಗಿಸಿದರು.

ನನ್ನ ವಾದ ಇಷ್ಟೇ. ನಾಯಕ ಸಾಯುತ್ತಾನೆ ಅಂತ ನೋಡುವವರಿಗೆ ಮೊದಲೇ ಗೊತ್ತು. ಹಾಗಾಗಿ 'ಮುಂದೇನು' ಎಂಬ ಕುತೂಹಲ ಮಾರಲು ಆಗುವುದಿಲ್ಲ. ಉಳಿದದ್ದು 'ಎಲ್ಲಿ, ಯಾರ ಜೊತೆ, ಹೇಗೆ ಬದುಕಿದ' ಎಂಬುದು. ಅದಕ್ಕೆ ಊರು ಬೇಕು. ಊರು ನಿಜ ಅನ್ನಿಸಬೇಕು. ಅದಕ್ಕೇ ದುಡ್ಡೆಲ್ಲ ಗೋಡೆಗೆ ಹೋಯಿತು. ಏನಂತೀರಿ?

ಬೆಣ್ಣೆದೋಸೆ

ಒಳ್ಳೆ ವಾದ. ಆದರೆ ಪ್ರೀಕ್ವೆಲ್ (ಈಗಾಗಲೇ ಬಂದ ಕಥೆಯ ಹಿಂದಿನ ಕಥೆ) ಅಂದರೇ ನನಗೆ ಅಲರ್ಜಿ. 'ಸ್ಟಾರ್ ಟ್ರೆಕ್: ಎಂಟರ್‌ಪ್ರೈಸ್' 2001ರಿಂದ 2005ರವರೆಗೆ 98 ಎಪಿಸೋಡ್ ಓಡಿತು. ಕೊನೆಯ ಎಪಿಸೋಡನ್ನು ಹಳೆ ಸೀರೀಸಿನ ಪಾತ್ರಗಳು ಹಾಲೋಡೆಕ್ ಎಂಬ ಕೃತಕ ದೃಶ್ಯಗಳ ಕೋಣೆಯಲ್ಲಿ ನೋಡುವ ಆಟದಂತೆ ಮಾಡಿಬಿಟ್ಟರು. ತಮ್ಮದೇ ಪಾತ್ರಗಳನ್ನು ತಮ್ಮದೇ ಕೊನೆಯಲ್ಲಿ ಅತಿಥಿಗಳನ್ನಾಗಿ ಮಾಡಿದ ಹಾಗಾಯಿತು. 'ಬ್ಯಾಟಲ್‌ಸ್ಟಾರ್ ಗ್ಯಾಲಾಕ್ಟಿಕಾ'ದ ಪ್ರೀಕ್ವೆಲ್ 'ಕಾಪ್ರಿಕಾ' 2010ರಲ್ಲಿ ಬಂತು, ಅದೇ ವರ್ಷ ರದ್ದೂ ಆಯಿತು. ಗೊತ್ತಿರುವ ಕಥೆಯನ್ನು ಯಾರು ವಾರಗಟ್ಟಲೆ ನೋಡುತ್ತಾರೆ?

ಕರಾವಳಿ_ಕಾಗೆ

ಎಂತ ಮಾರಾಯ್ರೆ, ಹೀಗೆ ಹೇಳಿದ್ರೆ! 'ಅಭಿಮನ್ಯು ಕಾಳಗ' ನೋಡಲು ಬರುವವರಿಗೆ ಅವನು ಚಕ್ರವ್ಯೂಹದಿಂದ ಹೊರಗೆ ಬರುವುದಿಲ್ಲ ಅಂತ ಗೊತ್ತಿರುವುದಿಲ್ವಾ? ಆದರೂ ಬೆಳಗಿನ ಜಾವದವರೆಗೆ ಕೂರುತ್ತಾರೆ. ಒಳಗೆ ಹೋಗುವ ಮೊದಲು ತಾಯಿ ಹತ್ತಿರ ಏನು ಮಾತಾಡಿದ, ಭಾಗವತರು ಅದನ್ನು ಹೇಗೆ ಹಾಡಿದರು, ಅದಕ್ಕೆ ತಾನೆ ಜನ ಬರುವುದು. ಎಂಟರ್‌ಪ್ರೈಸ್ ಸೋತದ್ದು ಪ್ರೀಕ್ವೆಲ್ ಆದದ್ದಕ್ಕೆ ಅಂತ ನನಗೆ ಅನ್ನಿಸುವುದಿಲ್ಲ. ಅದು ಹಳೆ ಸೀರೀಸಿನ ವಾರಕ್ಕೊಂದು ಗ್ರಹದ ಚಾಳಿಯನ್ನೇ ಮುಂದುವರಿಸಿತ್ತು.

ರೋಟೋರಾಯ

ಶನಿವಾರಸಂತೆ ಸರ್, ಸ್ವಲ್ಪ ತಡೀರಿ. ನಾನು ಬೆಂಗಳೂರಲ್ಲಿ ವಿಎಫ್‌ಎಕ್ಸ್ ಕಂಪೋಸಿಟರ್, ಅಂದರೆ ಶೂಟ್ ಮಾಡಿದ್ದನ್ನೂ ಗ್ರಾಫಿಕ್ಸನ್ನೂ ಒಂದೇ ಚಿತ್ರವಾಗಿ ಸೇರಿಸುವವನು. ಈ ಸೀರೀಸಿಗೆ ಕೆಲಸ ಮಾಡಿಲ್ಲ, ಆದರೆ 'ಎಲ್ಲಾ ನಿಜವಾದ ಸೆಟ್' ಎಂಬ ಮಾತು ಕೇಳಿದ ತಕ್ಷಣ ನನಗೆ ರಕ್ತ ಬಿಸಿ ಆಗುತ್ತದೆ. ಯಾವ ದೊಡ್ಡ ಸಿನಿಮಾ ಬಂದರೂ ಪ್ರಚಾರದಲ್ಲಿ ಇದೇ ಹಾಡು. ಆಮೇಲೆ ಕ್ರೆಡಿಟ್ಸ್ ನೋಡಿದರೆ ನೂರಾರು ವಿಎಫ್‌ಎಕ್ಸ್ ಹೆಸರುಗಳು ಸಣ್ಣ ಅಕ್ಷರದಲ್ಲಿ ಓಡುತ್ತಿರುತ್ತವೆ.

ಆಂಡೋರ್‌ನಲ್ಲಿ ಕಟ್ಟಿದ ಬೀದಿ ನಿಜ. ಆದರೆ ಬೀದಿಯ ಆಚೆಗೆ ಊರು ಹರಡಿಕೊಂಡಿದೆಯಲ್ಲ, ಅದನ್ನು ಕಂಪ್ಯೂಟರಿನಲ್ಲೇ ಎಳೆದದ್ದು. ನಾರ್ಕಿನಾ ಜೈಲು ಸಮುದ್ರದ ಮೇಲೆ ನಿಂತಿರುವುದು, ಆಲ್ಡಾನಿ ಗ್ರಹದ ಆಕಾಶದಲ್ಲಿ ಉಲ್ಕೆಗಳ ಮಳೆ, ಹಾರುವ ಎಲ್ಲಾ ಹಡಗುಗಳು, ರಾಜಧಾನಿ ಕೊರುಸ್ಕಂಟ್‌ನ ಕೊನೆಯಿಲ್ಲದ ಕಟ್ಟಡಗಳು, ಎಲ್ಲಾ ನಮ್ಮಂಥವರ ಕೆಲಸ. ಎರಡೂ ಸೀಸನ್ನಿಗೆ ವಿಎಫ್‌ಎಕ್ಸ್ ಮೇಲ್ವಿಚಾರಕರಾಗಿದ್ದವರು ಮೋಹೆನ್ ಲಿಯೋ. ಅವರ ಹೆಸರು ಎಷ್ಟು ಜನಕ್ಕೆ ಗೊತ್ತು?

ಎಲ್‌ಇಡಿ ಗೋಡೆಯ ಬಗ್ಗೆಯೂ ಒಂದು ಮಾತು. ಅದನ್ನು ಸುಮ್ನೆ ಬೈಯಬೇಡಿ. 2019ರಲ್ಲಿ 'ಮ್ಯಾಂಡಲೋರಿಯನ್' ಅದನ್ನು ಬಳಸಿದ್ದಕ್ಕೆ ಕಾರಣ ಇತ್ತು. ನಾಯಕನ ಮೈಮೇಲೆ ಹೊಳೆಯುವ ಕವಚ. ಗ್ರೀನ್ ಸ್ಕ್ರೀನ್ ಮುಂದೆ ನಿಲ್ಲಿಸಿದರೆ ಕವಚದ ತುಂಬಾ ಹಸಿರು ಬೀಳುತ್ತದೆ, ಅದನ್ನು ತೆಗೆಯುವವರ ಕಣ್ಣು ಹೋಗುತ್ತದೆ. ಎಲ್‌ಇಡಿ ಗೋಡೆ ಇದ್ದರೆ ಮರುಭೂಮಿಯ ಬೆಳಕೇ ಕವಚದ ಮೇಲೆ ಬೀಳುತ್ತದೆ. ತೊಂದರೆ ಏನು ಅಂದರೆ, ನಟರು ಓಡಾಡುವ ಜಾಗ ಕಡಿಮೆ. ಮತ್ತೆ ಹಿನ್ನೆಲೆ ಚಿತ್ರ ಶೂಟಿಂಗಿಗೆ ಮೊದಲೇ ತಯಾರಿರಬೇಕು. ಬೀದಿ ತುಂಬಾ ಜನ ಗಲಭೆ ಮಾಡುವ ದೃಶ್ಯಕ್ಕೆ ಅದು ಒಗ್ಗುವುದಿಲ್ಲ.

ಶನಿವಾರಸಂತೆ

ಒಪ್ಪಿದೆ. 'ಎಲ್ಲಾ ನಿಜ' ಅಂತ ನಾನು ಅಂದಿಲ್ಲ ರಾಯರೇ, ಆದರೆ ಪ್ರಚಾರದವರು ಹಾಗೆ ಅನ್ನುತ್ತಾರೆ ಅನ್ನುವುದು ನಿಜ. ನನ್ನ ಪ್ರಶ್ನೆ ಬೇರೆ: ಕಂಪ್ಯೂಟರ್ ಕೆಲಸ ಶುರುವಾಗುವ ಗೆರೆ ಎಲ್ಲಿದೆ? ಇಲ್ಲಿ ಅದು ನಟರಿಂದ ದೂರ ಇದೆ. ನಟರ ಕೈಗೆ ಸಿಗುವುದೆಲ್ಲ ಇಟ್ಟಿಗೆ, ಕಬ್ಬಿಣ, ಬಟ್ಟೆ.

ಥೇಮ್ಸ್_ತೀರ

ಲಂಡನ್‌ನಲ್ಲಿ ಇರುವುದರಿಂದ ನನಗೆ ಈ ಸೀರೀಸ್ ನೋಡುವುದು ಬೇರೆಯೇ ಥರ. ಗ್ಯಾಲಕ್ಸಿಯ ರಾಜಧಾನಿ ಅಂತ ತೋರಿಸುವ ಜಾಗದಲ್ಲಿ ನಮ್ಮ ಕನ್ನಡ ಬಳಗದವರು ಭಾನುವಾರ ಕಾಫಿ ಕುಡಿಯುತ್ತಾರೆ! ಬಾರ್ಬಿಕನ್ ಎಸ್ಟೇಟ್, ಬ್ರನ್ಸ್‌ವಿಕ್ ಸೆಂಟರ್, ಕೆನರಿ ವಾರ್ಫ್, ಈ ಮೂರೂ ಕಡೆ ಮೊದಲ ಸೀಸನ್ ಶೂಟ್ ಆಗಿದೆ. ಬಾರ್ಬಿಕನ್, ಬ್ರನ್ಸ್‌ವಿಕ್ ಎರಡೂ ಎರಡನೇ ಮಹಾಯುದ್ಧದ ನಂತರದ ಕಾಂಕ್ರೀಟ್ ವಸತಿ ಕಟ್ಟಡಗಳು. ಇಲ್ಲಿನ ಅರ್ಧ ಜನಕ್ಕೆ ಅವು ಅಂದರೆ ಪ್ರಾಣ, ಇನ್ನರ್ಧ ಜನ 'ಕೆಡವಿ ಹಾಕಿ' ಅನ್ನುತ್ತಾರೆ. ಗ್ಯಾಲಕ್ಸಿಯನ್ನು ಆಳುವ ಸಾಮ್ರಾಜ್ಯದ ಕಚೇರಿ ಜಗತ್ತಿಗೆ ಸೆಟ್ ಹಾಕುವ ಕಷ್ಟವೇ ಬೇಡ ನೋಡಿ, ಸಣ್ಣ ಮನುಷ್ಯ ಇನ್ನೂ ಸಣ್ಣಗೆ ಕಾಣುವ ಜಾಗ ಅದಾಗಲೇ ಇದೆ.

ಕ್ಯಾಸಿಯನ್‌ನನ್ನು ಸುಮ್ಮಸುಮ್ಮನೆ ಹಿಡಿದು ಜೈಲಿಗೆ ಹಾಕುವ ಸಮುದ್ರತೀರ ನಿಯಾಮೋಸ್ ಇದೆಯಲ್ಲ, ಅದು ಲ್ಯಾಂಕಶೈರ್‌ನ ಕ್ಲೀವ್‌ಲಿಸ್. ಇಲ್ಲಿನವರು ರಜೆಗೆ ಹೋಗಿ, ಗಾಳಿಗೆ ನಡುಗಿ, ಚಿಪ್ಸ್ ತಿಂದು ಬರುವ ಊರು. ಆಲ್ಡಾನಿಯ ಅಣೆಕಟ್ಟು ಸ್ಕಾಟ್ಲೆಂಡಿನ ಕ್ರೂಅಖನ್ ಡ್ಯಾಮ್. ಅದು 1965ರಲ್ಲಿ ಶುರುವಾದ ಜಲವಿದ್ಯುತ್ ಯೋಜನೆ, ವಿದ್ಯುತ್ ಸ್ಥಾವರ ಬೆಟ್ಟದ ಹೊಟ್ಟೆಯೊಳಗಿದೆ. ಸಾಮ್ರಾಜ್ಯದ ಗುಪ್ತ ಖಜಾನೆಗೆ ಇದಕ್ಕಿಂತ ಒಳ್ಳೆ ಜಾಗ ಎಲ್ಲಿ ಸಿಗಬೇಕು!

ಎರಡನೇ ಸೀಸನ್‌ಗೆ ಸ್ಪೇನ್‌ಗೆ ಹೋದರು. ಸೆನೆಟ್ ಕಟ್ಟಡದ ಹೊರಭಾಗ ವೆಲೆನ್ಸಿಯಾದ ಕಲೆ ಮತ್ತು ವಿಜ್ಞಾನ ನಗರಿ. ಸೆನೆಟರ್ ಮಾನ್ ಮಾತ್ಮಾಳ ತವರು ಚಾಂಡ್ರಿಲಾದ ಬೆಟ್ಟಗಳು ಬಾರ್ಸಿಲೋನಾ ಹತ್ತಿರದ ಮೊಂಟ್ಸೆರಾಟ್.

ಹುಬ್ಳಿ_ಹುಡುಗಿ

ಅಬ್ಬಾ! ವೆಲೆನ್ಸಿಯಾದ್ದು ನಾನು ಪೂರ್ತಿ ಗ್ರಾಫಿಕ್ಸ್ ಅಂದ್ಕೊಂಡಿದ್ದೆ ನೋಡ್ರಿ.

ರೋಟೋರಾಯ

ಅದರ ಸುತ್ತ ಇರುವ ನಗರವೆಲ್ಲ ಗ್ರಾಫಿಕ್ಸೇ. 😀 ನಿಮಗೆ ಎಲ್ಲಿ ಸೇರುತ್ತದೆ ಅಂತ ಗೊತ್ತಾಗಲಿಲ್ಲ ಅಂದರೆ ಯಾರೋ ಒಬ್ಬ ಹುಡುಗ ರಾತ್ರಿ ಎರಡು ಗಂಟೆಗೆ ಆ ಅಂಚನ್ನು ತಿದ್ದಿದ್ದಾನೆ ಅಂತ ಅರ್ಥ.

ಬೆಣ್ಣೆದೋಸೆ

ದುಡ್ಡು ಎಷ್ಟಾಯಿತು ಸ್ವಾಮಿ ಇದಕ್ಕೆಲ್ಲ?

ಶನಿವಾರಸಂತೆ

ಎರಡೂ ಸೀಸನ್, 24 ಎಪಿಸೋಡ್‌ಗೆ ಸೇರಿ 65 ಕೋಟಿ ಡಾಲರ್ ಅಂತ 2025ರಲ್ಲಿ ಗಿಲ್ರಾಯ್ ಅವರೇ ಹೇಳಿದರು. ನಮ್ಮ ಲೆಕ್ಕದಲ್ಲಿ ಸುಮಾರು 5,500 ಕೋಟಿ ರೂಪಾಯಿ. ಒಂದು ಎಪಿಸೋಡಿಗೆ 2.7 ಕೋಟಿ ಡಾಲರ್ ಬಿತ್ತು. ಮೊದಲ ಸೀಸನ್ ಹೊತ್ತಿಗೆ ಡಿಸ್ನಿಯವರು ಸ್ಟ್ರೀಮಿಂಗ್‌ಗೆ ಕಣ್ಣುಮುಚ್ಚಿ ದುಡ್ಡು ಸುರಿಯುತ್ತಿದ್ದರು. ಎರಡನೆಯದಕ್ಕೆ ಬರುವಾಗ ಆ ಕಾಲ ಮುಗಿದಿತ್ತು, ದುಡ್ಡಿಗಾಗಿ ಜಗ್ಗಾಡಬೇಕಾಯಿತು ಅಂತಲೂ ಅವರೇ ಹೇಳಿದ್ದಾರೆ.

ಐದು ಸೀಸನ್ ಇದ್ದದ್ದು ಎರಡಾದ ಕಥೆ ಇದಕ್ಕಿಂತ ಚೆನ್ನಾಗಿದೆ. ಮೊದಲ ಯೋಜನೆ ಏನು ಅಂದರೆ 'ರೋಗ್ ಒನ್'ಗೆ ಮೊದಲಿನ ಐದು ವರ್ಷ, ವರ್ಷಕ್ಕೊಂದು ಸೀಸನ್. ಮೊದಲನೆಯದನ್ನು ಸ್ಕಾಟ್ಲೆಂಡಿನಲ್ಲಿ ಶೂಟ್ ಮಾಡುತ್ತಿರುವಾಗಲೇ ಗಿಲ್ರಾಯ್‌ಗೂ ಕ್ಯಾಸಿಯನ್ ಪಾತ್ರದ ಡಿಯೇಗೋ ಲೂನಾಗೂ ಇದು ಆಗದ ಮಾತು ಅಂತ ಹೊಳೆಯಿತು. ಒಂದು ಸೀಸನ್ನಿಗೇ ಎರಡು ವರ್ಷಕ್ಕಿಂತ ಜಾಸ್ತಿ ಹಿಡಿಯುತ್ತಿತ್ತು. ಲೂನಾ ಹುಟ್ಟಿದ್ದು 1979ರಲ್ಲಿ. 2016ರ ಸಿನಿಮಾದಲ್ಲಿ ಸಾಯುವ ಮನುಷ್ಯನ ಎಳೆ ವಯಸ್ಸನ್ನು ಐವತ್ತರಲ್ಲಿ ನಟಿಸಬೇಕಾಗುತ್ತಿತ್ತು!

ಆಗ ಲೆಕ್ಕ ನೋಡಿದರು. ಉಳಿದದ್ದು ನಾಲ್ಕು ವರ್ಷದ ಕಥೆ. ಶೂಟಿಂಗ್ ಹೇಗೂ ಮೂರು ಎಪಿಸೋಡ್‌ಗೆ ಒಬ್ಬ ನಿರ್ದೇಶಕರಂತೆ ಕಂತು ಕಂತಾಗಿ ನಡೆಯುತ್ತಿತ್ತು. 12 ಎಪಿಸೋಡ್ ಅಂದರೆ ನಾಲ್ಕು ಕಂತು. ಒಂದು ಕಂತಿಗೆ ಒಂದು ವರ್ಷ. ಎರಡನೇ ಸೀಸನ್ನಿನ ಇಡೀ ಆಕಾರ ಹುಟ್ಟಿದ್ದು ಹೀಗೆ. 2025ರ ಏಪ್ರಿಲ್‌ನಿಂದ ವಾರಕ್ಕೆ ಮೂರರಂತೆ ಬಿಡುಗಡೆ ಮಾಡಿದ್ದೂ ಅದಕ್ಕೇ.

ಹುಬ್ಳಿ_ಹುಡುಗಿ

ಆದ್ರೆ ಅದೇ ನನಗ ಸಿಟ್ಟು ಬರಿಸಿದ್ದು! ಮೂರು ಎಪಿಸೋಡ್ ಮುಗೀತು, ದಿಢೀರ್ ಅಂತ ಒಂದು ವರ್ಷ ಹಾರಿಬಿಡ್ತಾರೆ. ಬಂಡಾಯಗಾರ ಜೋಡಿ ಸಿಂಟಾ ಮತ್ತು ವೆಲ್ ತುಂಬಾ ಕಾಲ ಬೇರೆಯಾಗಿದ್ದು ಮತ್ತೆ ಸೇರುತ್ತಾರೆ, ಅದೇ ಎಪಿಸೋಡಿನಲ್ಲಿ ಸಿಂಟಾ ಸಾಯುತ್ತಾಳೆ. ಸಿಂಟಾ ಮಾಡಿದ ವರದಾ ಸೇತು ಕೇರಳದಲ್ಲಿ ಹುಟ್ಟಿ ಇಂಗ್ಲೆಂಡಿನಲ್ಲಿ ಬೆಳೆದವರು. ಸ್ಟಾರ್ ವಾರ್ಸ್‌ನಲ್ಲಿ ನಮ್ಮ ಪಕ್ಕದ ರಾಜ್ಯದ ಮುಖ ಕಂಡಿತಲ್ಲ ಅಂತ ಖುಷಿಪಟ್ಟಿದ್ದೆ, ಅಷ್ಟರೊಳಗ ಕೈಬಿಟ್ಟರು. ದುಃಖಪಡಲಿಕ್ಕೂ ನಮಗ ಟೈಮ್ ಕೊಡಲಿಲ್ಲ. ಗಣಿತದಿಂದ ಹುಟ್ಟಿದ ಕಥೆಗೆ ಗಣಿತದ ದೋಷ ಇದ್ದೇ ಇರುತ್ತದೆ.

ಕರಾವಳಿ_ಕಾಗೆ

ಇದನ್ನು ಒಪ್ಪಬೇಕಾದ್ದೇ. ಮೊದಲ ಸೀಸನ್ನಿನ ಜೈಲಿಗೆ ಮೂರು ಎಪಿಸೋಡ್ ಸಿಕ್ಕಿತು, ಅದೂ ಒಂದೇ ಜಾಗದ ಕಥೆ. ಎರಡನೆಯದರಲ್ಲಿ ಮೂರು ಎಪಿಸೋಡಿಗೆ ನಾಲ್ಕೈದು ಊರು.

ಆ ಜೈಲಿನ ಬಗ್ಗೆ ಹೇಳದೆ ಮುಂದೆ ಹೋಗಲು ಮನಸ್ಸಿಲ್ಲ. 8ರಿಂದ 10ನೇ ಎಪಿಸೋಡ್ ಬರೆದವರು ಬೋ ವಿಲಿಮನ್, ನಿರ್ದೇಶನ ಟೋಬಿ ಹೇನ್ಸ್. ಬೇರೆ ಸಿನಿಮಾಗಳಲ್ಲಿ ಜೈಲು ಅಂದರೆ ಕತ್ತಲೆ, ಕೊಳಕು, ಸರಳು. ಇಲ್ಲಿ ಬಿಳಿ ನೆಲ, ಬಿಳಿ ಗೋಡೆ, ಆಸ್ಪತ್ರೆಗಿಂತ ಶುಭ್ರ. ಸರಳೇ ಇಲ್ಲ. ನೆಲದಲ್ಲಿ ಕರೆಂಟು, ಕೈದಿಗಳು ಬರಿಗಾಲು. ಕಾವಲುಗಾರರ ಸಂಖ್ಯೆ ಹನ್ನೆರಡು ದಾಟುವುದೇ ಇಲ್ಲ, ಯಾಕೆಂದರೆ ಕೆಲಸ ನೆಲವೇ ಮಾಡುತ್ತದೆ. ಕಥೆಗೂ ಸೆಟ್ಟಿಗೂ ನಡುವೆ ಗೆರೆ ಎಳೆಯಲು ಆಗುವುದೇ ಇಲ್ಲ ಅಲ್ಲಿ. ಅದಕ್ಕೆ ಕಾರಣ ಇದೆ. ಪ್ರೊಡಕ್ಷನ್ ಡಿಸೈನರ್ ಲೂಕ್ ಹಲ್ ಅವರನ್ನು ಗಿಲ್ರಾಯ್ ಕಥೆ ಕಟ್ಟುವ ಕೋಣೆಯಲ್ಲೇ ಕೂರಿಸಿಕೊಂಡಿದ್ದರು. ಬರೆದು ಮುಗಿಸಿ ಆಮೇಲೆ 'ಇದಕ್ಕೊಂದು ಸೆಟ್ ಹಾಕಿ' ಅಂದದ್ದಲ್ಲ.

ಶನಿವಾರಸಂತೆ

ಹೌದು! ನನ್ನ ವಾದಕ್ಕೆ ಇದಕ್ಕಿಂತ ಒಳ್ಳೆ ಸಾಕ್ಷಿ ಬೇಡ. ನಮ್ಮಲ್ಲಿ ಎಷ್ಟು ತಂಡಗಳು ಕಲಾ ನಿರ್ದೇಶಕರನ್ನು ಕಥೆ ಚರ್ಚೆಗೆ ಕರೆಯುತ್ತವೆ?

ಇನ್ನೊಂದು: ಫೆರಿಕ್ಸ್‌ನಲ್ಲಿ ಸತ್ತವರ ಬೂದಿಯಿಂದ ಇಟ್ಟಿಗೆ ಮಾಡುತ್ತಾರೆ, ಆ ಇಟ್ಟಿಗೆ ಊರಿನ ಗೋಡೆ ಸೇರುತ್ತದೆ. ಮೊದಲ ಸೀಸನ್ನಿನ ಕೊನೆ ಎಪಿಸೋಡಿನಲ್ಲಿ, ಕ್ಯಾಸಿಯನ್ ಸಾಕುತಾಯಿ ಮಾರ್ವಾಳ ಅಂತ್ಯಯಾತ್ರೆಯಲ್ಲಿ, ಅವಳ ಇಟ್ಟಿಗೆಯಿಂದಲೇ ಗೆಳೆಯ ಬ್ರಾಸೋ ಸೈನಿಕನಿಗೆ ಬಾರಿಸುತ್ತಾನೆ. ಇದು ಬರವಣಿಗೆಯೋ ಸೆಟ್ ಡಿಸೈನೋ? ಬೇರ್ಪಡಿಸಿ ಹೇಳಿ ನೋಡೋಣ.

ಮೌನಮೃದಂಗ

ಆ ಅಂತ್ಯಯಾತ್ರೆಯ ಸಂಗೀತದ ಬಗ್ಗೆ ಯಾರೂ ಮಾತಾಡಲಿಲ್ಲವಲ್ಲ! ಸಾಮಾನ್ಯವಾಗಿ ಶೂಟಿಂಗ್ ಮುಗಿದು, ಎಡಿಟ್ ಆದ ಮೇಲೆ ಹಿನ್ನೆಲೆ ಸಂಗೀತ ಮಾಡುತ್ತಾರೆ. ಇಲ್ಲಿ ಬ್ಯಾಂಡಿನವರು ಬೀದಿಯಲ್ಲಿ ನುಡಿಸುತ್ತಾ ನಡೆಯಬೇಕು. ಹಾಗಾಗಿ ಸಂಗೀತ ನಿರ್ದೇಶಕ ನಿಕೋಲಸ್ ಬ್ರಿಟೆಲ್ ಆ ಸಂಗೀತವನ್ನು ಶೂಟಿಂಗಿಗೆ ಮೊದಲೇ ಬರೆದುಕೊಟ್ಟರು. ಬ್ಯಾಂಡ್ ಶುರುವಿನಲ್ಲಿ ಸ್ವಲ್ಪ ಒರಟಾಗಿ, ಶ್ರುತಿ ಕೂಡಿಸಿಕೊಳ್ಳುವ ಹಾಗೆ ಕೇಳುತ್ತದೆ, ಊರಿನ ಕೆಲಸಗಾರರು ಸೇರಿ ಮಾಡಿಕೊಂಡ ಬ್ಯಾಂಡ್ ಇದ್ದ ಹಾಗೆ. ಆಮೇಲೆ ಬೇರೆ ಬೇರೆ ಬೀದಿಗಳಿಂದ ಬಂದ ಗುಂಪುಗಳು ಸೇರುತ್ತಾ ದನಿ ಬೆಳೆಯುತ್ತದೆ. ಜನರ ನಡಿಗೆಯ ವೇಗವನ್ನು ತೀರ್ಮಾನ ಮಾಡುವುದು ಆ ಸಂಗೀತ. ಎಡಿಟ್ ಮಾಡಿದ ಜಾನ್ ಗಿಲ್ರಾಯ್ (ಟೋನಿಯ ತಮ್ಮ) ಅವರಿಗೂ ಅದೇ ತಾಳ ಸಿಕ್ಕಿತು.

ಮೊದಲ ಸೀಸನ್ನಿನ ಶೀರ್ಷಿಕೆ ಸಂಗೀತ ಪ್ರತಿ ಎಪಿಸೋಡಿಗೂ ಬೇರೆ. ಒಂದೇ ರಾಗ, ಬೇರೆ ಬೇರೆ ವಾದ್ಯ. 'ಸ್ಕಿಪ್' ಒತ್ತುವವರಿಗೆ ಇದು ತಪ್ಪಿಹೋಗಿರುತ್ತದೆ. ಎರಡನೇ ಸೀಸನ್ನಿನಲ್ಲಿ ಹೆಚ್ಚಿನ ಕೆಲಸ ಬ್ರ್ಯಾಂಡನ್ ರಾಬರ್ಟ್ಸ್ ಅವರದ್ದು. ನಿಯಾಮೋಸ್ ಬೀಚಿನಲ್ಲಿ ಸುಮ್ನೆ ಹಿನ್ನೆಲೆಯಲ್ಲಿ ಕೇಳುವ ಡ್ಯಾನ್ಸ್ ಹಾಡು, ಎರಡನೇ ಸೀಸನ್ನಿನ ಮದುವೆಯಲ್ಲಿ ಮತ್ತೆ ಬರುತ್ತದೆ. ಅದೇ ಹಾಡಿಗೆ ಮಾನ್ ಮಾತ್ಮಾ ಹುಚ್ಚು ಹಿಡಿದವಳ ಹಾಗೆ ಕುಣಿಯುತ್ತಾಳೆ, ಹಳೇ ಗೆಳೆಯನನ್ನು ಕೊಲ್ಲಲು ಒಪ್ಪಿ ಬಂದ ಮೇಲೆ.

ಥೇಮ್ಸ್_ತೀರ

ಮಾನ್ ಮಾತ್ಮಾ ವಿಷಯ ಬಂದ ಮೇಲೆ ಆ ಪಾತ್ರದ ಜೆನೆವೀವ್ ಒ'ರೈಲಿ ಬಗ್ಗೆ ಇದನ್ನೂ ಹೇಳಬೇಕು. ಅವರು ಮಾನ್ ಮಾತ್ಮಾ ಪಾತ್ರ ಮೊದಲು ಮಾಡಿದ್ದು 2005ರ ಸ್ಟಾರ್ ವಾರ್ಸ್ ಸಿನಿಮಾದಲ್ಲಿ. ಮಾಡಿದ ದೃಶ್ಯಗಳು ಬಹುತೇಕ ಕತ್ತರಿಗೆ ಹೋದವು. ಹನ್ನೊಂದು ವರ್ಷದ ಮೇಲೆ 'ರೋಗ್ ಒನ್'ಗೆ ಕರೆದರು. 2017ರಲ್ಲಿ 'ರೆಬೆಲ್ಸ್' ಅನಿಮೇಷನ್‌ನಲ್ಲಿ ದನಿ ಕೊಟ್ಟರು, ಗೋರ್ಮನ್ ಗ್ರಹದ ಹತ್ಯಾಕಾಂಡವನ್ನು ಖಂಡಿಸುವ ಭಾಷಣಕ್ಕೆ. 2025ರಲ್ಲಿ ಅದೇ ಘಟನೆಯನ್ನು ಸೆನೆಟ್‌ನಲ್ಲಿ ನಿಂತು ಮತ್ತೆ ಮಾಡಿದರು. ಆ ಎಪಿಸೋಡ್ ಬರೆದ ಡ್ಯಾನ್ ಗಿಲ್ರಾಯ್‌ಗೆ (ಟೋನಿಯ ಇನ್ನೊಬ್ಬ ತಮ್ಮ) ಎಮ್ಮಿ ಪ್ರಶಸ್ತಿ ಬಂತು. ಎರಡನೇ ಸೀಸನ್ನಿಗೆ ಒಟ್ಟು ಐದು ಎಮ್ಮಿ. ಒ'ರೈಲಿಗೆ ಬರಲಿಲ್ಲ. ನನಗೆ ಇದು ಇನ್ನೂ ನುಂಗಲಾಗಿಲ್ಲ.

ಬೆಣ್ಣೆದೋಸೆ

ಮಾರ್ವಾ ಭಾಷಣದಲ್ಲಿ ಒಂದು ಬೈಗುಳ ಇತ್ತು, ತೆಗೆದರು ಅಂತ ಎಲ್ಲೋ ಓದಿದ್ದೆ. ನಿಜವಾ?

ಶನಿವಾರಸಂತೆ

ನಿಜ. ಮಾರ್ವಾ ಪಾತ್ರದ ಫಿಯೋನಾ ಶಾ ಅವರ ಕೊನೆ ಮಾತು ಮೊದಲಿಗೆ ಸಾಮ್ರಾಜ್ಯಕ್ಕೆ ನೇರ ಬೈಗುಳ. ದಯವಿಟ್ಟು ಅದೊಂದು ಬೇಡ ಅಂತ ಡಿಸ್ನಿ ಕೇಳಿಕೊಂಡಿತು. 'ಹೋರಾಡಿ' ಅಂತ ಬದಲಾಯಿಸಿದರು. ಇಷ್ಟು ದೊಡ್ಡ ಕಂಪನಿ, ಸರ್ವಾಧಿಕಾರದ ವಿರುದ್ಧ 24 ಎಪಿಸೋಡ್ ಮಾಡಲು ಬಿಟ್ಟು, ಒಂದು ಬೈಗುಳಕ್ಕೆ ಮಾತ್ರ ಬೇಡ ಅಂದದ್ದು ತಮಾಷೆ ಅಲ್ವಾ?

ಕರಾವಳಿ_ಕಾಗೆ

ಇತಿಹಾಸದಿಂದ ಎತ್ತಿದ್ದನ್ನು ಗಿಲ್ರಾಯ್ ಮುಚ್ಚಿಡುವುದಿಲ್ಲ, ಅದು ನನಗೆ ಇಷ್ಟ. ಆಲ್ಡಾನಿಯ ಖಜಾನೆ ಲೂಟಿಯ ಹಿಂದೆ ಇರುವುದು 1907ರ ಟಿಫ್ಲಿಸ್ ಬ್ಯಾಂಕ್ ದರೋಡೆ. ಪಕ್ಷಕ್ಕೆ ದುಡ್ಡು ಬೇಕು ಅಂತ ಎಳೆ ವಯಸ್ಸಿನ ಸ್ಟಾಲಿನ್ ಸಂಚು ಹೂಡಿ ಮಾಡಿಸಿದ್ದು. ಕ್ರಾಂತಿಗೆ ಆದರ್ಶ ಸಾಲದು, ಸಂಬಳ ಕೊಡಲು ದುಡ್ಡೂ ಬೇಕು ಅನ್ನುವುದನ್ನು ಸ್ಟಾರ್ ವಾರ್ಸ್‌ನಲ್ಲಿ ಅದಕ್ಕೆ ಮೊದಲು ಇಷ್ಟು ಬಿಡಿಸಿ ಹೇಳಿದವರಿಲ್ಲ.

ಎರಡನೇ ಸೀಸನ್ನಿನ ಮೊದಲ ಎಪಿಸೋಡಿನಲ್ಲಿ ಸಾಮ್ರಾಜ್ಯದ ದೊಡ್ಡ ಅಧಿಕಾರಿ ಕ್ರೆನಿಕ್ ಬೆಟ್ಟದ ಮೇಲಿನ ಮನೆಯಲ್ಲಿ ಅಧಿಕಾರಿಗಳ ಸಭೆ ಮಾಡುತ್ತಾನಲ್ಲ, ಅದಕ್ಕೆ ಮಾದರಿ 1942ರ ಜನವರಿಯಲ್ಲಿ ಬರ್ಲಿನ್ ಹತ್ತಿರ ನಡೆದ ವಾನ್ಸೀ ಸಭೆ. ಹದಿನೈದು ಜನ ಅಧಿಕಾರಿಗಳು ಮೇಜಿನ ಸುತ್ತ ಕೂತು ಯಹೂದಿಗಳ ಸಾಮೂಹಿಕ ಕೊಲೆಯ ಆಡಳಿತ ವ್ಯವಸ್ಥೆ ಮಾಡಿದ ಸಭೆ ಅದು. ಇಲ್ಲಿ ಒಂದು ಗ್ರಹದ ಜನರನ್ನು ಮುಗಿಸುವ ಮಾತು ನಡೆಯುತ್ತಿದ್ದರೂ ಯಾರೂ ದನಿ ಎತ್ತರಿಸುವುದಿಲ್ಲ. ಊಟ ತಿಂಡಿ ವ್ಯವಸ್ಥೆ ಚೆನ್ನಾಗಿದೆ.

ಗೋರ್ಮನ್ ಜನರಿಗೆ ಫ್ರೆಂಚ್ ನಟರನ್ನು ತಂದರು. ಫ್ರೆಂಚ್ ಕಿವಿಗೆ ಬಿದ್ದ ಹಾಗೆ ಕೇಳುವ, ಆದರೆ ಫ್ರೆಂಚ್ ಅಲ್ಲದ ಒಂದು ಹೊಸ ಭಾಷೆಯನ್ನೇ ಕಟ್ಟಿಕೊಟ್ಟರು. ಚೌಕದ ಸೆಟ್ಟನ್ನು ಪೈನ್‌ವುಡ್‌ನಲ್ಲಿ ಹಾಕಿದರು. ಜನ ಆ ಭಾಷೆಯಲ್ಲಿ ತಮ್ಮ ನಾಡಗೀತೆ ಹಾಡುತ್ತಾ ನಿಂತಿರುವಾಗಲೇ ಗುಂಡು ಹಾರುವುದು.

ರೋಟೋರಾಯ

ಆ ಚೌಕದ ದೃಶ್ಯದಲ್ಲಿ ನಮ್ಮವರ ಕೆಲಸ ಇನ್ನೊಂದಿದೆ: ಕೆ-2 ಮಾದರಿ ರೋಬೋಗಳು ಜನರ ಮೇಲೆ ಬೀಳುವುದು. ಅದೇ ಮಾದರಿಯ, ಕ್ಯಾಸಿಯನ್ ಜೊತೆಗಾರ ಕೆ-2ಎಸ್‌ಒ ಪಾತ್ರಕ್ಕೆ ಅಲನ್ ಟ್ಯೂಡಿಕ್ ಕೋಲುಗಾಲಿನ ಮೇಲೆ ನಿಂತು, ಸೆನ್ಸರ್ ಬಟ್ಟೆ ತೊಟ್ಟು ಸೆಟ್ಟಿನಲ್ಲೇ ನಟಿಸುತ್ತಾರೆ. ಎದುರಿನ ನಟರಿಗೆ ನೋಡಲು ಸರಿಯಾದ ಎತ್ತರದಲ್ಲಿ ಒಂದು ಮುಖ ಸಿಗುತ್ತದೆ. ಆಮೇಲೆ ಅವರನ್ನು ಅಳಿಸಿ ಲೋಹದ ಮೈ ಕೂರಿಸಬೇಕು. ಅಳಿಸಿದ ಜಾಗದ ಹಿಂದೆ ಏನಿತ್ತೋ ಅದನ್ನು ಮತ್ತೆ ಬಿಡಿಸಬೇಕು.

ಫೆರಿಕ್ಸ್‌ನ ಆ ಮುದಿ ರೋಬೋ ಬಿ2 ಇದೆಯಲ್ಲ, ತೊದಲುತ್ತದಲ್ಲ, ಅದಕ್ಕೆ ತದ್ವಿರುದ್ಧ. ಅದು ನಿಜವಾಗಿ ಸೆಟ್ಟಿನಲ್ಲಿ ಓಡಾಡುವ ಯಂತ್ರದ ಗೊಂಬೆ. ಆಡಿಸಿದ ಡೇವ್ ಚಾಪ್‌ಮನ್ ಅವರೇ ದನಿಯನ್ನೂ ಕೊಟ್ಟಿದ್ದು. ಮಾರ್ವಾ ಸತ್ತ ಮೇಲೆ ಅದು 'ಇವತ್ತು ರಾತ್ರಿ ಇಲ್ಲೇ ಇರು' ಅಂತ ಬ್ರಾಸೋನನ್ನು ಕೇಳುವ ದೃಶ್ಯಕ್ಕೆ ನಾನು ಗ್ರಾಫಿಕ್ಸ್ ಮಾಡಿ ಅಂತ ಯಾರಾದರೂ ಹೇಳಿದ್ದರೆ ಬೇಡ ಅನ್ನುತ್ತಿದ್ದೆ. ಇಷ್ಟನ್ನು ಶನಿವಾರಸಂತೆಯವರಿಗೆ ಬಿಟ್ಟುಕೊಡುತ್ತೇನೆ.

ಶನಿವಾರಸಂತೆ

ಬರೆದಿಟ್ಟುಕೊಂಡೆ. 😀

ಹುಬ್ಳಿ_ಹುಡುಗಿ

ಗುಟ್ಟಾಗಿ ಬಂಡಾಯ ಕಟ್ಟುವ ಲೂಥನ್ ಬಗ್ಗೆ ಯಾಕ ಯಾರೂ ಬರೀಲಿಲ್ಲ? ಆ ಪಾತ್ರ ಮಾಡಿದ ಸ್ಟೆಲನ್ ಸ್ಕಾರ್ಸ್‌ಗಾರ್ಡ್‌ಗೆ ಎರಡನೇ ಸೀಸನ್ನಿಗೆ ಮೊದಲು ಪಾರ್ಶ್ವವಾಯು ಆಗಿತ್ತು. 2025ರಲ್ಲಿ ಅವರೇ ಹೇಳಿದರು. ಹೆಸರು, ಸಂಭಾಷಣೆ ನೆನಪಿನಲ್ಲಿ ನಿಲ್ಲುತ್ತಿರಲಿಲ್ಲವಂತೆ. ಕಿವಿಯೊಳಗೆ ಸಣ್ಣ ಸ್ಪೀಕರ್ ಇಟ್ಟುಕೊಂಡು, ಇನ್ನೊಬ್ಬರು ಹೇಳಿಕೊಟ್ಟದ್ದನ್ನು ಕೇಳುತ್ತಾ ನಟಿಸಿದರು. ಎದುರಿನ ನಟ ಮಾತಾಡುತ್ತಿರುವಾಗಲೇ ಕಿವಿಯಲ್ಲಿ ತನ್ನ ಮುಂದಿನ ಸಾಲು ಬರಬೇಕು, ಅದೂ ಭಾವ ಇಲ್ಲದ ದನಿಯಲ್ಲಿ, ಇಲ್ಲಾಂದ್ರ ನಟನೆ ಕೆಡುತ್ತದೆ. ಇದನ್ನು ಓದಿದ ಮೇಲೆ ಹತ್ತನೇ ಎಪಿಸೋಡ್ ಮತ್ತೆ ನೋಡಿದೆ. ಎಲ್ಲೂ ಒಂದು ಕಡೆ ಗೊತ್ತಾಗೂದಿಲ್ಲ.

ಅದೇ ಎಪಿಸೋಡಿನಲ್ಲಿ ಲೂಥನ್ ಸಹಾಯಕಿ ಕ್ಲೇಯಾ ಆಸ್ಪತ್ರೆಗೆ ನುಗ್ಗುತ್ತಾಳಲ್ಲ, ಅದು ಎಲಿಜಬೆತ್ ದುಲಾವ್. ನಾಟಕ ಶಾಲೆ ಮುಗಿಸಿದ ಮೇಲೆ ಆಕೆಗೆ ಸಿಕ್ಕ ಮೊದಲ ಕೆಲಸವೇ ಈ ಸೀರೀಸ್. ಮೊದಲ ಸೀಸನ್ನಿನಲ್ಲಿ ಅಂಗಡಿಯಲ್ಲಿ ನಿಲ್ಲುವ ಸಣ್ಣ ಪಾತ್ರ. ಎರಡನೆಯದರಲ್ಲಿ ಒಂದಿಡೀ ಎಪಿಸೋಡ್ ಹೊತ್ತುಕೊಂಡು ಹೋಗ್ಯಾಳ.

ಮೌನಮೃದಂಗ

2023ರ ಮುಷ್ಕರಗಳೂ ಈ ಸೀಸನ್ನಿನ ಮಧ್ಯೆಯೇ ಬಂದವು. ಮೇನಲ್ಲಿ ಬರಹಗಾರರ ಮುಷ್ಕರ. ಗಿಲ್ರಾಯ್ ಬರಹಗಾರರೂ ಹೌದು, ನಿರ್ಮಾಪಕರೂ ಹೌದು. ಬರೆಯುವುದನ್ನು ಮುಷ್ಕರಕ್ಕೆ ಮೊದಲೇ ನಿಲ್ಲಿಸಿದ್ದರು, ಟೀಕೆ ಬಂದ ಮೇಲೆ ನಿರ್ಮಾಣದ ಕೆಲಸದಿಂದಲೂ ದೂರ ನಿಂತರು. ಜುಲೈನಲ್ಲಿ ನಟರ ಮುಷ್ಕರ ಬಂದು ಶೂಟಿಂಗೇ ನಿಂತಿತು. ಶೂಟಿಂಗ್ ಮುಗಿದದ್ದು 2024ರ ಫೆಬ್ರುವರಿಗೆ. ಕಾರ್ಮಿಕರು ಕೆಲಸ ನಿಲ್ಲಿಸುವ ಕಥೆ ಮಾಡುವವರ ಸೆಟ್ಟಿನಲ್ಲಿ ಕೆಲಸ ನಿಂತಿತ್ತು.

ಬೆಣ್ಣೆದೋಸೆ

ಇದರ ಸ್ಕ್ರಿಪ್ಟ್ ಎಲ್ಲಾದರೂ ಸಿಗುತ್ತದಾ? ಪ್ರೀಕ್ವೆಲ್ ಅಲರ್ಜಿ ಇದ್ದವನಿಗೂ ಓದುವ ಆಸೆ ಹುಟ್ಟಿಸಿದಿರಿ ನೀವೆಲ್ಲ.

ಶನಿವಾರಸಂತೆ

ಮೊದಲ ಸೀಸನ್ನಿನ ಸ್ಕ್ರಿಪ್ಟ್‌ಗಳನ್ನು ಪ್ರಕಟಿಸುವ ಮನಸ್ಸು ಗಿಲ್ರಾಯ್‌ಗೆ ಇತ್ತು. ಆಮೇಲೆ ಬಿಟ್ಟುಬಿಟ್ಟರು. ಎಐ ಯಂತ್ರಗಳಿಗೆ ತರಬೇತಿ ಕೊಡಲು ಅವು ಬಳಕೆಯಾಗುತ್ತವೆ ಎಂಬುದು ಅವರು ಕೊಟ್ಟ ಕಾರಣ. ಬರೆಯಲು ಕಲಿಯುವ ಹುಡುಗರಿಗೆ ನಷ್ಟ. ಆದರೆ ಅವರ ಸಿಟ್ಟೂ ಅರ್ಥ ಆಗುತ್ತದೆ.

ಹೊಸನೋಡುಗ

ಇಷ್ಟು ಹೊತ್ತು ಸುಮ್ನೆ ಓದುತ್ತಿದ್ದೆ, ಎಚ್ಚರಿಕೆ ನೋಡಿಯೂ! ನಾನು ಸ್ಟಾರ್ ವಾರ್ಸ್ ಒಂದೂ ನೋಡಿಲ್ಲ. ಎಲ್ಲಿಂದ ಶುರು ಮಾಡಲಿ? ಮೊದಲು ರೋಗ್ ಒನ್ ನೋಡಬೇಕಾ?

ಕರಾವಳಿ_ಕಾಗೆ

ನೀವು ಹೇಗೂ ಕೊನೆ ತಿಳಿದುಕೊಂಡಾಯಿತು ಮಾರಾಯ್ರೆ. ಆಂಡೋರ್‌ನಿಂದಲೇ ಶುರು ಮಾಡಿ. ಜೆಡೈ ಯಾರು ಅಂತ ಗೊತ್ತಿರಬೇಕಾಗಿಲ್ಲ, ಇದರಲ್ಲಿ ಬೆಳಕಿನ ಕತ್ತಿ ಒಂದೂ ಇಲ್ಲ.

ಥೇಮ್ಸ್_ತೀರ

ಮೊದಲ ಮೂರು ಎಪಿಸೋಡನ್ನು ಒಟ್ಟಿಗೆ ನೋಡಿ. 2022ರ ಸೆಪ್ಟೆಂಬರ್‌ನಲ್ಲಿ ಮೂರನ್ನೂ ಒಂದೇ ದಿನ ಬಿಟ್ಟಿದ್ದಕ್ಕೆ ಕಾರಣ ಇದೆ. ಮೊದಲನೆಯದು ಮಾತ್ರ ನೋಡಿದರೆ ನಿಧಾನ ಅನ್ನಿಸಿ ಬಿಟ್ಟುಬಿಡುತ್ತೀರಿ. ಎರಡೂ ಸೀಸನ್ ಮುಗಿದ ರಾತ್ರಿಯೇ ರೋಗ್ ಒನ್ ಹಾಕಿಕೊಳ್ಳಿ. ಸೀರೀಸಿನ ಕೊನೆಯಲ್ಲಿ ಕ್ಯಾಸಿಯನ್ ಹೊರಡುವುದು ಕಾಫ್ರೀನ್‌ಗೆ, ಸಿನಿಮಾದಲ್ಲಿ ಅವನು ಮೊದಲು ಕಾಣಿಸಿಕೊಳ್ಳುವುದೂ ಅಲ್ಲೇ.

ಬೆಣ್ಣೆದೋಸೆ

ನಾನು ರೋಗ್ ಒನ್ ಮೊದಲೇ ನೋಡಿದವನು. ನನ್ನಂಥವರು ಅದನ್ನು ಮತ್ತೆ ನೋಡಬೇಕಾ?

ಹುಬ್ಳಿ_ಹುಡುಗಿ

ನೋಡ್ರಿ. ಶುರುವಿನಲ್ಲೇ ಕ್ಯಾಸಿಯನ್ ತನ್ನ ಮಾಹಿತಿದಾರನನ್ನೇ ಕೊಲ್ಲುತ್ತಾನಲ್ಲ, ಮೊದಲ ಸಲ ನೋಡುವಾಗ ಇವನೆಂಥ ಮನುಷ್ಯ ಅನ್ನಿಸಿತ್ತು. ಈಗ ಲೂಥನ್ ಹತ್ತಿರ ಕಲಿತದ್ದು ಅಂತ ಗೊತ್ತಾಗುತ್ತದೆ.

ರೋಟೋರಾಯ

ಮತ್ತೆ ಎರಡರ ಕ್ರೆಡಿಟ್ಸ್ ಕೂಡ ಪೂರ್ತಿ ನೋಡಿ. 'ಸ್ಕಿಪ್' ಒತ್ತಬೇಡಿ ಸ್ವಾಮಿ.